ಸತ್ತವರ ನೆನಪು, ಬದುಕಿದವರ ಹೊಣೆ

ಕೊಪ್ಪ ತಾಲೂಕಿನ ಕಮ್ಮರಡಿಯಂಥ ಊರಿನಲ್ಲಿ ಯಾರಾದರೂ ತೀರಿಕೊಂಡರೆ ಸುದ್ದಿ ಹರಡಲು ಹೆಚ್ಚು ಹೊತ್ತು ಬೇಕಾಗುವುದಿಲ್ಲ. ಮಸೀದಿಯ ಮೈಕಿನಲ್ಲಿ ಹೆಸರು ಕೇಳಿಸುತ್ತದೆ. ಇಲ್ಲವೇ ಬಸ್ಸಿನಿಂದ ಇಳಿದವರೊಬ್ಬರು ಅಂಗಡಿಯ ಮುಂದೆ ನಿಂತು ಹೇಳುತ್ತಾರೆ. ಇಂಥ ಊರುಗಳಲ್ಲಿ ಸತ್ತವನು ಬರೇ ಹೆಸರಲ್ಲ. ಆತ ಇಂಥವರ ಮಗ, ಇಂಥ ತೋಟದಲ್ಲಿ ಕೊನೆ ತೆಗೆಯುತ್ತಿದ್ದವನು, ಇಂಥ ಮಳೆಗಾಲದಲ್ಲಿ ನಮ್ಮ ಮನೆಯ ಮಾಡು ಸರಿಮಾಡಿ ಕೊಟ್ಟವನು. ನಗರದಲ್ಲಿ ಪಕ್ಕದ ಮನೆಯ ಸಾವು ಮರುದಿನದ ಪತ್ರಿಕೆಯಿಂದ ತಿಳಿಯುವುದುಂಟು. ಸಣ್ಣ ಊರಿನಲ್ಲಿ ಹಾಗಲ್ಲ. ಒಬ್ಬ ಸತ್ತರೆ ಊರಿನಲ್ಲಿ ಒಂದು ಜಾಗ ಖಾಲಿಯಾಗುತ್ತದೆ, ಅದು ಎಲ್ಲರ ಕಣ್ಣಿಗೂ ಕಾಣುತ್ತದೆ.

ಆದರೆ ಆ ನೆನಪು ಎಷ್ಟು ಕಾಲ ಉಳಿಯುತ್ತದೆ? ಮಗನ ಕಾಲಕ್ಕೆ ಇರುತ್ತದೆ, ಮೊಮ್ಮಗನ ಕಾಲಕ್ಕೆ ಮಸುಕಾಗುತ್ತದೆ, ಮರಿಮಗನಿಗೆ ಹೆಸರೂ ತಿಳಿದಿರುವುದಿಲ್ಲ. ರಾಜರ ಸಾವನ್ನು ಚರಿತ್ರೆಯ ಪುಸ್ತಕಗಳು ನೆನಪಿಟ್ಟುಕೊಳ್ಳುತ್ತವೆ. ಸಾಮಾನ್ಯರ ಸಾವನ್ನು ಯಾರು ನೆನಪಿಟ್ಟುಕೊಳ್ಳಬೇಕು? ಈ ಪ್ರಶ್ನೆಗೆ ನಮ್ಮ ನಾಡಿನ ಸಣ್ಣ ಸಣ್ಣ ಸಮುದಾಯಗಳು ಶತಮಾನಗಳಿಂದ ತಮ್ಮದೇ ಉತ್ತರ ಕೊಡುತ್ತಾ ಬಂದಿವೆ. ಅದು ಗದ್ದೆಯ ಬದುವಿನ ಕಲ್ಲಿನಲ್ಲಿದೆ, ದತ್ತಿಯ ಭೂಮಿಯಲ್ಲಿದೆ, ಪಾಡ್ದನದಲ್ಲಿದೆ, ಜಾತ್ರೆಯ ಪ್ರಸಾದದಲ್ಲಿದೆ, ಜನಾಝದ ಸಾಲಿನಲ್ಲಿದೆ. ಇವುಗಳನ್ನು ಒಟ್ಟಿಗೆ ಇಟ್ಟು ನೋಡಿದರೆ ಸ್ಮರಣೆಯ ಬಗ್ಗೆ ನಾವು ಇಂದು ಮರೆತಿರುವ ಒಂದು ಮುಖ್ಯ ಸಂಗತಿ ತಿಳಿಯುತ್ತದೆ.

ಗದ್ದೆಯ ಬದುವಿನ ಕಲ್ಲುಗಳು

ಮಲೆನಾಡಿನಲ್ಲಿ ಓಡಾಡಿದವರಿಗೆ ವೀರಗಲ್ಲು ಹೊಸತಲ್ಲ. ಹಾಳು ಬಿದ್ದ ಗುಡಿಯ ಮುಂದೆ, ಕೆರೆಯ ಏರಿಯ ಮೇಲೆ, ಕೆಲವೊಮ್ಮೆ ದನದ ಕೊಟ್ಟಿಗೆಯ ಪಕ್ಕದಲ್ಲಿಯೂ ಅವು ನಿಂತಿರುತ್ತವೆ. ಕರ್ನಾಟಕದಲ್ಲಿ ಈವರೆಗೆ ಎರಡೂವರೆ ಸಾವಿರಕ್ಕೂ ಹೆಚ್ಚು ವೀರಗಲ್ಲುಗಳು ಪತ್ತೆಯಾಗಿವೆ. ಸಾಮಾನ್ಯವಾಗಿ ಅವುಗಳಲ್ಲಿ ಮೂರು ಹಂತಗಳಿರುತ್ತವೆ. ಕೆಳಗಿನ ಹಂತದಲ್ಲಿ ಕಾದಾಟ, ನಡುವೆ ವೀರನನ್ನು ಅಪ್ಸರೆಯರು ಕರೆದೊಯ್ಯುವ ದೃಶ್ಯ, ಮೇಲೆ ದೇವರ ಸನ್ನಿಧಿ. ತುದಿಯಲ್ಲಿ ಸೂರ್ಯ ಚಂದ್ರರು. ಅವರಿರುವವರೆಗೆ ಈ ಹೆಸರೂ ಇರಲಿ ಎಂಬುದು ಅದರ ಅರ್ಥ.

ಬಿ.ಎಲ್. ರೈಸ್ ಅವರು 1901ರಲ್ಲಿ ಅಂದಿನ ಕಡೂರು ಜಿಲ್ಲೆಯ ಶಾಸನಗಳನ್ನು ‘ಎಪಿಗ್ರಾಫಿಯಾ ಕರ್ನಾಟಿಕಾ’ದ ಆರನೆಯ ಸಂಪುಟವಾಗಿ ಪ್ರಕಟಿಸಿದರು. ಕೊಪ್ಪ, ಶೃಂಗೇರಿಗಳ ಶಾಸನಗಳು ಆ ಸಂಪುಟದಲ್ಲಿವೆ. ಮುಂದೆ ಆರ್. ಶೇಷಶಾಸ್ತ್ರಿ ವೀರಗಲ್ಲುಗಳನ್ನೇ ಕುರಿತು ಆಳವಾಗಿ ಅಧ್ಯಯನ ನಡೆಸಿದರು. ಷ. ಶೆಟ್ಟರ್ ಸ್ಮಾರಕ ಶಿಲೆಗಳ ಬಗ್ಗೆಯೂ ಶ್ರವಣಬೆಳಗೊಳದ ಮರಣ ವಿಧಿಗಳ ಬಗ್ಗೆಯೂ ಬರೆದರು. ಈ ವಿದ್ವಾಂಸರ ಕೆಲಸದಿಂದ ಸ್ಪಷ್ಟವಾಗುವ ಒಂದು ಅಂಶವೆಂದರೆ, ವೀರಗಲ್ಲುಗಳಲ್ಲಿ ಬಹಳಷ್ಟು ರಾಜರ ದೊಡ್ಡ ಯುದ್ಧಗಳಿಗೆ ಸಂಬಂಧಿಸಿದವಲ್ಲ. ದನ ಕದಿಯಲು ಬಂದವರನ್ನು ತಡೆದು ಸತ್ತವನಿಗೆ ಕಲ್ಲು ನೆಟ್ಟಿದ್ದಾರೆ. ಇದನ್ನು ಶಾಸನಗಳು ‘ತುರುಗೊಳ್’ ಎನ್ನುತ್ತವೆ. ಊರಿನ ಮೇಲೆ ಬಿದ್ದವರನ್ನು ಎದುರಿಸಿ ಸತ್ತರೆ ಅದು ‘ಊರಳಿವು’. ಹೆಣ್ಣುಮಕ್ಕಳ ಮಾನ ಕಾಯಲು ಹೋಗಿ ಸತ್ತರೆ ಅದು ‘ಪೆಣ್ಬುಯ್ಯಲ್’. ಗಡಿಯ ಜಗಳಕ್ಕೆ, ಹುಲಿ ಹಂದಿಗಳ ಬೇಟೆಗೆ ಬಲಿಯಾದವರಿಗೂ ಕಲ್ಲುಗಳಿವೆ. ಅಂದರೆ ಇವು ಅರಮನೆಯ ನೆನಪಲ್ಲ, ಊರಿನ ನೆನಪು. ಕಲ್ಲಿನಲ್ಲಿ ಹೆಸರಿರುವವನು ಬಹುಮಟ್ಟಿಗೆ ಒಬ್ಬ ಒಕ್ಕಲಿಗ, ಗೊಲ್ಲ, ತಳಾರ ಅಥವಾ ಗೌಡನ ಮನೆಯ ಹುಡುಗ.

ಇನ್ನೊಂದು ಅಂಶ ಇದಕ್ಕಿಂತಲೂ ಮುಖ್ಯವಾದುದು. ಕಲ್ಲು ನೆಟ್ಟರೆ ಕೆಲಸ ಮುಗಿಯಿತೆಂದು ಆ ಜನ ತಿಳಿದಿರಲಿಲ್ಲ. ಊರಿಗಾಗಿ ಸತ್ತವನ ಮನೆಯವರಿಗೆ ಭೂಮಿ ಕೊಡುತ್ತಿದ್ದರು. ಅದಕ್ಕೆ ಶಾಸನಗಳಲ್ಲಿ ‘ನೆತ್ತರುಗೊಡಗೆ’ ಎಂಬ ಹೆಸರಿದೆ. ನೆತ್ತರು ಚೆಲ್ಲಿದ್ದಕ್ಕೆ ಕೊಟ್ಟ ಕೊಡುಗೆ. ‘ಕಲ್ನಾಡು’ ಎಂಬ ಮಾತೂ ಇದೆ, ಕಲ್ಲಿನೊಂದಿಗೆ ಬರುವ ಭೂಮಿ. ಕತ್ತಿ ತೊಳೆದು ಕೊಡುವ ಭೂಮಿಗೆ ‘ಬಾಳ್ಗಳ್ಚು’ ಎಂದರು. ಕನ್ನಡದ ಅತ್ಯಂತ ಹಳೆಯ ಶಾಸನಗಳಲ್ಲೊಂದಾದ, ಸುಮಾರು ಕ್ರಿ.ಶ. 450ರ ಹಲ್ಮಿಡಿ ಶಾಸನವೇ ಯುದ್ಧದಲ್ಲಿ ಪರಾಕ್ರಮ ತೋರಿದ ವಿಜಅರಸನಿಗೆ ಎರಡು ಊರುಗಳನ್ನು ಬಾಳ್ಗಳ್ಚಾಗಿ ಕೊಟ್ಟ ದಾಖಲೆ. ನಮ್ಮ ಭಾಷೆಯ ಬರವಣಿಗೆಯ ಆರಂಭದಲ್ಲೇ ಈ ಋಣದ ಲೆಕ್ಕ ಇದೆ ಎಂಬುದು ಗಮನಾರ್ಹ.

ಅಂದರೆ ಸತ್ತವನ ನೆನಪು ಎರಡು ಕಾಲುಗಳ ಮೇಲೆ ನಿಂತಿತ್ತು. ಒಂದು ಕಲ್ಲು, ಇನ್ನೊಂದು ಭೂಮಿ. ಕಲ್ಲು ಸತ್ತವನಿಗಾಗಿ, ಭೂಮಿ ಆತನ ಹಿಂದೆ ಉಳಿದವರಿಗಾಗಿ. ಮಕ್ಕಳು ಹಸಿದಿರುವಾಗ ತಂದೆಯ ಕಲ್ಲಿಗೆ ಹೂವು ಏರಿಸುವುದರಲ್ಲಿ ಅರ್ಥವಿಲ್ಲ ಎಂಬ ತಿಳುವಳಿಕೆ ಆ ಕಾಲಕ್ಕಿತ್ತು.

ನಾಯಿಗೂ ಒಂದು ಕಲ್ಲು

ಮಂಡ್ಯ ಜಿಲ್ಲೆಯ ಆತಕೂರಿನ ಶಾಸನ ಎಲ್ಲರಿಗೂ ತಿಳಿದದ್ದೇ. ಕ್ರಿ.ಶ. 949-50ರ ಕಾಲದ್ದು. ರಾಷ್ಟ್ರಕೂಟ ಮೂರನೆಯ ಕೃಷ್ಣನೂ ಗಂಗರ ಬೂತುಗನೂ ತಕ್ಕೋಲಂನಲ್ಲಿ ಚೋಳರನ್ನು ಎದುರಿಸಿ ಗೆದ್ದರು. ಆ ಯುದ್ಧದಲ್ಲಿ ಶೌರ್ಯ ತೋರಿದ ಮಣಲೆರ ಎಂಬವನಿಗೆ ಬೂತುಗ ಏನು ಬೇಕೆಂದು ಕೇಳಿದ. ಆತ ಕೇಳಿದ್ದು ಕಾಳಿ ಎಂಬ ಬೇಟೆ ನಾಯಿಯನ್ನು. ಮುಂದೆ ಆ ನಾಯಿ ಒಂದು ದೊಡ್ಡ ಕಾಡುಹಂದಿಯೊಂದಿಗೆ ಹೋರಾಡಿತು, ಎರಡೂ ಸತ್ತವು. ಮಣಲೆರ ಆತಕೂರಿನ ಚಲ್ಲೇಶ್ವರ ಗುಡಿಯ ಮುಂದೆ ನಾಯಿಗೆ ಕಲ್ಲು ನಿಲ್ಲಿಸಿದ, ಅದರ ಪೂಜೆಗೆಂದು ಭೂಮಿ ಬಿಟ್ಟ. ಅಷ್ಟೇ ಅಲ್ಲ, ಆ ಭೂಮಿಯ ಫಲ ಉಣ್ಣುವ ಗೊರವನು ಕಲ್ಲನ್ನು ಪೂಜಿಸದೆ ಉಂಡರೆ ನಾಯಿ ಮಾಡಿದ ಪಾಪ ಅವನಿಗೆ ತಟ್ಟಲಿ ಎಂದು ಶಾಪವನ್ನೂ ಬರೆಸಿದ. ಆ ಕಲ್ಲು ಈಗ ಬೆಂಗಳೂರಿನ ಸರಕಾರಿ ವಸ್ತು ಸಂಗ್ರಹಾಲಯದಲ್ಲಿದೆ.

ದೊಡ್ಡ ಸಾಮ್ರಾಜ್ಯಗಳ ಯುದ್ಧದ ವಿವರ ನಮಗೆ ಒಂದು ನಾಯಿಯ ಕಲ್ಲಿನಿಂದ ಸಿಗುತ್ತದೆ ಎಂಬುದನ್ನು ಇತಿಹಾಸಕಾರರು ಕೌತುಕದಿಂದ ಹೇಳುತ್ತಾರೆ. ನಮಗೆ ಇಲ್ಲಿ ಕಾಣುವುದು ಬೇರೆ ಸಂಗತಿ. ನೆನಪು ತಾನಾಗಿ ಉಳಿಯುವುದಿಲ್ಲ, ಅದಕ್ಕೆ ಒಬ್ಬ ಹೊಣೆಗಾರ ಬೇಕು, ಆ ಹೊಣೆಗಾರನ ಹೊಟ್ಟೆಗೆ ಒಂದು ಆಧಾರ ಬೇಕು ಎಂಬ ವ್ಯವಹಾರ ಜ್ಞಾನ ಆ ಶಾಸನದಲ್ಲಿದೆ. ನಮ್ಮ ವಕ್ಫ್‌ನ ತಿರುಳೂ ಹೆಚ್ಚು ಕಡಿಮೆ ಇದೇ. ಒಬ್ಬ ತನ್ನ ಸೊತ್ತನ್ನು ಒಂದು ಒಳ್ಳೆಯ ಕೆಲಸಕ್ಕೆ ಕಟ್ಟಿಬಿಡುತ್ತಾನೆ. ಆತ ಸತ್ತ ಮೇಲೂ ಆ ಕೆಲಸ ನಡೆಯುತ್ತಿರುತ್ತದೆ. ಹೊಣೆಗಾರ ಹೊಣೆ ಮರೆತರೆ ಸತ್ತವನೂ ಮರೆತುಹೋಗುತ್ತಾನೆ.

ನೆನಪು ಕ್ರೂರವಾಗುವುದೂ ಉಂಟು

ಹಳೆಯದೆಲ್ಲ ಒಳ್ಳೆಯದಾಗಿತ್ತು ಎಂದು ನಾವು ಹೇಳುವುದಿಲ್ಲ. ವೀರಗಲ್ಲಿನ ಪಕ್ಕದಲ್ಲೇ ಮಾಸ್ತಿಕಲ್ಲುಗಳಿವೆ. ಬಳೆ ತೊಟ್ಟ ಒಂದು ಕೈ ಕಂಬದಿಂದ ಮೇಲಕ್ಕೆ ಚಾಚಿಕೊಂಡಿರುತ್ತದೆ. ಗಂಡನ ಚಿತೆಯಲ್ಲಿ ಸುಟ್ಟುಹೋದ ಹೆಣ್ಣಿನ ಗುರುತು ಅದು. ಹೆಗ್ಗಡದೇವನಕೋಟೆ ತಾಲೂಕಿನ ಬೆಳತೂರಿನ 1057ರ ಶಾಸನ ದೇಕಬ್ಬೆಯ ಕಥೆ ಹೇಳುತ್ತದೆ. ಗಂಡ ಏಚನಿಗೆ ಮರಣ ದಂಡನೆಯಾಯಿತು. ಸುದ್ದಿ ಕೇಳಿದ ದೇಕಬ್ಬೆ ಬೆಂಕಿಗೆ ಹೋಗಲು ಸಿದ್ಧಳಾದಳು. ತಂದೆ ತಾಯಿ ಬೇಡವೆಂದು ಅತ್ತರು. ಆಕೆ ಕೇಳಲಿಲ್ಲ. ಕಲ್ಲು ಅವಳನ್ನು ಹೊಗಳುತ್ತದೆ. ಆದರೆ ಅದೇ ಕಲ್ಲಿನಲ್ಲಿ ಅಳುವ ತಂದೆ ತಾಯಿಯರೂ ಇದ್ದಾರೆ. ಸತ್ತ ಒಬ್ಬನನ್ನು ನೆನೆಯಲು ಬದುಕಿರುವ ಇನ್ನೊಬ್ಬರನ್ನು ಬಲಿಕೊಡುವ ಸ್ಮರಣೆ ಎಂಥ ಸ್ಮರಣೆ ಎಂಬ ಪ್ರಶ್ನೆಯನ್ನು ಅವರ ಕಣ್ಣೀರು ಕೇಳುತ್ತದೆ.

ಇದಕ್ಕೆ ಎದುರಾಗಿ ಶಿಕಾರಿಪುರ ತಾಲೂಕಿನ ಬಂದಳಿಕೆಯ ಜಕ್ಕಿಯಬ್ಬೆಯನ್ನು ನೆನೆಯಬೇಕು. ಹತ್ತನೆಯ ಶತಮಾನದ ಮೊದಲ ಭಾಗದಲ್ಲಿ ನಾಗರಖಂಡದ ನಾಳ್ಗಾವುಂಡನಾಗಿದ್ದ ಆಕೆಯ ಗಂಡ ಸತ್ತಾಗ ಆ ಅಧಿಕಾರವನ್ನು ಆಕೆಗೇ ವಹಿಸಲಾಯಿತು. ಆಕೆ ನಾಡನ್ನು ಆಳಿದಳು. ಕೊನೆಗೆ ಕಾಯಿಲೆ ಬಂದಾಗ ಅಧಿಕಾರವನ್ನು ಮಗಳಿಗೆ ಒಪ್ಪಿಸಿ, ಜೈನ ವಿಧಿಯಂತೆ ಸಲ್ಲೇಖನ ವ್ರತದಿಂದ ಪ್ರಾಣ ಬಿಟ್ಟಳು. ಒಂದೇ ನಾಡಿನಲ್ಲಿ ವಿಧವೆಗೆ ಎರಡು ದಾರಿಗಳಿದ್ದವು. ಗಂಡನ ನೆನಪಿನೊಂದಿಗೆ ಸಾಯುವುದು ಒಂದು, ಗಂಡನ ಕೆಲಸವನ್ನು ಮುಂದುವರಿಸುವುದು ಇನ್ನೊಂದು. ಯಾವುದು ದೊಡ್ಡ ಸ್ಮಾರಕ ಎಂದು ಓದುಗರೇ ನಿರ್ಧರಿಸಬಹುದು.

ಗುರುವಿನ ಗುಡಿ, ದೊರೆಯ ಕಾಗದ

ಕಮ್ಮರಡಿಯ ಕಡೆಯವರಿಗೆ ಶೃಂಗೇರಿ ನೆರೆಯ ಊರು. ಅಲ್ಲಿನ ತುಂಗಾ ತೀರದ ವಿದ್ಯಾಶಂಕರ ದೇವಾಲಯವನ್ನು ನೋಡಲು ಹೋಗುವವರು ಸೂರ್ಯನ ಗತಿಗೆ ಹೊಂದಿಸಿದ ಹನ್ನೆರಡು ರಾಶಿ ಕಂಬಗಳನ್ನು ನೋಡಿ ಬೆರಗಾಗುತ್ತಾರೆ. ಆದರೆ ಹದಿನಾಲ್ಕನೆಯ ಶತಮಾನದ ಈ ಗುಡಿ ಮೂಲತಃ ಒಬ್ಬ ಗುರುವಿನ ನೆನಪು. ಮಠದ ಯತಿಗಳಾಗಿದ್ದ ವಿದ್ಯಾತೀರ್ಥರ ಹೆಸರಿನಲ್ಲಿ ಅವರ ಶಿಷ್ಯರು ಕಟ್ಟಿಸಿದ್ದು. ಗುರುವಿನ ಸಮಾಧಿಯ ಮೇಲೆ ಗುಡಿ ಎದ್ದಿತು ಎಂಬುದು ಅಲ್ಲಿನವರ ನಂಬಿಕೆ. ನರಸಿಂಹರಾಜಪುರದ ಸಿಂಹನಗದ್ದೆಯಲ್ಲಿ ಜ್ವಾಲಾಮಾಲಿನಿಯ ಬಸದಿ ಇದೆ. ಜೈನರು ವ್ರತ ಹಿಡಿದು ದೇಹ ಬಿಟ್ಟವರಿಗೆ ನಿಷಿಧಿ ಕಲ್ಲುಗಳನ್ನು ಇಡುತ್ತಾ ಬಂದವರು. ಅಲ್ಲಿ ಕತ್ತಿಯಿಲ್ಲ, ಕುದುರೆಯಿಲ್ಲ. ಆಸೆಯನ್ನು ಗೆದ್ದವನೇ ವೀರ.

ಶೃಂಗೇರಿ ಮಠ ಇನ್ನೊಂದು ಬಗೆಯ ನೆನಪನ್ನೂ ಕಾಪಾಡಿದೆ. 1791ರಲ್ಲಿ ಮರಾಠರ ಸೇನೆಗೆ ಸೇರಿದ ದಂಡು ಶೃಂಗೇರಿಯ ಮೇಲೆ ಬಿದ್ದು ಮಠವನ್ನು ದೋಚಿತು. ಆಗಿನ ಸ್ವಾಮಿಗಳಾದ ಮೂರನೆಯ ಸಚ್ಚಿದಾನಂದ ಭಾರತಿಗಳು ಕಾರ್ಕಳಕ್ಕೆ ಹೋಗಬೇಕಾಯಿತು. ಅವರು ಟಿಪ್ಪು ಸುಲ್ತಾನನಿಗೆ ಬರೆದರು. ಟಿಪ್ಪು ದುಃಖ ವ್ಯಕ್ತಪಡಿಸಿ ಉತ್ತರಿಸಿದ, ಶಾರದೆಯ ಪುನಃ ಪ್ರತಿಷ್ಠೆಗೆ ಬೇಕಾದ ಹಣ ಮತ್ತು ಸಾಮಗ್ರಿ ಒದಗಿಸುವಂತೆ ನಗರದ ಅಧಿಕಾರಿಗೆ ಆಜ್ಞೆ ಕಳುಹಿಸಿದ. ಟಿಪ್ಪು 1799ರ ಮೇ 4ರಂದು ಸತ್ತ. ಆತನ ರಾಜ್ಯ ಕೈಬದಲಾಯಿತು. ಆದರೆ ಮಠದ ಕಡತದಲ್ಲಿ ಆ ಕಾಗದಗಳು ಉಳಿದವು. 1916ರಲ್ಲಿ ಮೈಸೂರು ಪುರಾತತ್ವ ಇಲಾಖೆಯ ಆರ್. ನರಸಿಂಹಾಚಾರ್ ಅವುಗಳನ್ನು ಬೆಳಕಿಗೆ ತಂದರು.

ಟಿಪ್ಪುವಿನ ಬಗ್ಗೆ ನಡೆಯುವ ಜಗಳಗಳಿಗೆ ಇಲ್ಲಿ ಹೋಗುವುದು ನಮ್ಮ ಉದ್ದೇಶವಲ್ಲ. 2015ರಲ್ಲಿ ಸರಕಾರ ಆತನ ಜಯಂತಿ ಆರಂಭಿಸಿತು, 2019ರಲ್ಲಿ ಇನ್ನೊಂದು ಸರಕಾರ ಅದನ್ನು ನಿಲ್ಲಿಸಿತು. ನಾಲ್ಕು ವರ್ಷ ಬೀದಿಯಲ್ಲಿ ಕೂಗಾಟ ನಡೆಯಿತು, ಜೀವಗಳೂ ಹೋದವು. ಜಯಂತಿಯನ್ನು ಒಂದು ಆದೇಶದಿಂದ ಆರಂಭಿಸಬಹುದು, ಇನ್ನೊಂದು ಆದೇಶದಿಂದ ನಿಲ್ಲಿಸಬಹುದು. ಆದರೆ ಒಂದು ಸಣ್ಣ ಊರಿನ ಮಠ ಸದ್ದಿಲ್ಲದೆ ಎರಡು ಶತಮಾನ ಕಾಪಾಡಿದ ಕಾಗದವನ್ನು ಯಾವ ಆದೇಶವೂ ಅಳಿಸಲಾರದು. ನೆನಪಿನ ವಿಷಯದಲ್ಲಿ ಕೂಗುವವರಿಗಿಂತ ಕಾಪಾಡುವವರು ದೊಡ್ಡವರು.

ಕಡಲಿನ ಬೊಬ್ಬರ್ಯ, ಮುಲ್ಕಿಯ ಬಪ್ಪ

ಘಟ್ಟದ ಮೇಲಿನ ಮುಸ್ಲಿಮರಲ್ಲಿ ಅನೇಕರ ಹಿರಿಯರು ಕರಾವಳಿಯಿಂದ ಬಂದ ಬ್ಯಾರಿಗಳು. ಉಪ್ಪು, ಒಣಮೀನು, ತೆಂಗಿನಕಾಯಿ ಹೊತ್ತು ಘಟ್ಟ ಹತ್ತಿದವರು, ಅಕ್ಕಿ, ಅಡಿಕೆ, ಮೆಣಸು ಹೊತ್ತು ಇಳಿದವರು. ಕುವೆಂಪು ಅವರ ‘ಮಲೆಗಳಲ್ಲಿ ಮದುಮಗಳು’ ಕಾದಂಬರಿಯಲ್ಲಿಯೂ ಇಂಥ ಸಾಬರು ಓಡಾಡುತ್ತಾರೆ. ಅವರೊಂದಿಗೆ ಕರಾವಳಿಯ ನೆನಪುಗಳೂ ಘಟ್ಟ ಹತ್ತಿದವು. ಆದುದರಿಂದ ಕರಾವಳಿಯ ಕಡೆಗೂ ಒಮ್ಮೆ ನೋಡಬೇಕಾಗುತ್ತದೆ.

ತುಳುನಾಡಿನ ಮೊಗವೀರರು ಬೊಬ್ಬರ್ಯನನ್ನು ತಮ್ಮ ದೈವವೆಂದು ನಂಬುತ್ತಾರೆ. ಪಾಡ್ದನದ ಪ್ರಕಾರ ಬೊಬ್ಬರ್ಯ ಒಬ್ಬ ಬ್ಯಾರಿ ವ್ಯಾಪಾರಿಯ ಮಗ. ಕಡಲಿನ ವ್ಯಾಪಾರಕ್ಕೆ ಹೋಗಿ ಅಲ್ಲಿಯೇ ಪ್ರಾಣ ಬಿಟ್ಟವನು. ಕುಂಬಳೆಯ ಕಡೆ ಆಲಿ ಭೂತ ಎಂಬ ದೈವವಿದೆ, ಅದರ ಮೂಲದ ಕಥೆಯಲ್ಲಿಯೂ ಇರುವುದು ಒಬ್ಬ ಮುಸ್ಲಿಂ. ಸತ್ತವರನ್ನು ದೈವವಾಗಿ ಪೂಜಿಸುವುದನ್ನು ಇಸ್ಲಾಮ್ ಒಪ್ಪುವುದಿಲ್ಲ. ಈ ವಿಷಯದಲ್ಲಿ ನಮಗೆ ಸಂದೇಹವಿಲ್ಲ. ಆದರೆ ಇತಿಹಾಸದ ದೃಷ್ಟಿಯಿಂದ ನೋಡಿದರೆ ಇಲ್ಲಿ ಒಂದು ದೊಡ್ಡ ಸತ್ಯ ಅಡಗಿದೆ. ಕಡಲಿನಲ್ಲಿ ಒಟ್ಟಿಗೆ ದುಡಿದ ಸಮುದಾಯವೊಂದು ಬೇರೆ ಧರ್ಮದವನ ಸಾವನ್ನು ತನ್ನ ಸಾವೆಂದು ತಿಳಿದು, ತನಗೆ ಗೊತ್ತಿದ್ದ ರೀತಿಯಲ್ಲಿ ಅವನನ್ನು ನೆನಪಿಟ್ಟುಕೊಂಡಿತು. ತನ್ನವನಲ್ಲ ಎಂದು ಮರೆತುಬಿಡುವುದು ಅದಕ್ಕೆ ಸುಲಭವಾಗಿತ್ತು.

ಮುಲ್ಕಿಯ ಬಪ್ಪನಾಡಿನ ಕಥೆ ಇನ್ನೂ ಪ್ರಸಿದ್ಧ. ಬಪ್ಪ ಎಂಬ ಬ್ಯಾರಿ ವ್ಯಾಪಾರಿಯ ದೋಣಿ ಶಾಂಭವಿ ಹೊಳೆಯಲ್ಲಿ ನಿಂತುಬಿಟ್ಟಿತು. ನೀರು ರಕ್ತದ ಬಣ್ಣಕ್ಕೆ ತಿರುಗಿತು. ಆತನಿಗೆ ಕನಸಿನಲ್ಲಿ ಆದೇಶವಾಗಿ, ಅಲ್ಲಿನ ಜೈನ ಅರಸ ಸಾವಂತನ ನೆರವಿನಿಂದ ಗುಡಿ ಕಟ್ಟಿಸಿದ ಎಂಬುದು ಐತಿಹ್ಯ. ದುರ್ಗಾಪರಮೇಶ್ವರಿ ನೆಲೆಸಿದ ಊರಿಗೆ ಬಪ್ಪನ ಹೆಸರೇ ನಿಂತಿತು. ಜಾತ್ರೆಯ ಪ್ರಸಾದ ಬಪ್ಪ ಬ್ಯಾರಿಯ ಮನೆತನಕ್ಕೆ ಸಲ್ಲುವ ಪದ್ಧತಿಯೂ ಬೆಳೆದುಬಂತು. ಕಥೆಯ ಎಷ್ಟು ಭಾಗ ಚರಿತ್ರೆ, ಎಷ್ಟು ಭಾಗ ಐತಿಹ್ಯ ಎಂಬ ಚರ್ಚೆ ಬೇರೆ. ಪ್ರಸಾದ ಮಾತ್ರ ನಿಜ. ಪ್ರತಿವರ್ಷ ಒಂದು ಮನೆಗೆ ತಲುಪುವ ಒಂದು ಹಿಡಿ ಪ್ರಸಾದದ ಮೂಲಕ ಊರು ತನ್ನ ಹಳೆಯ ಋಣವನ್ನು ನೆನೆಯುತ್ತದೆ.

2022ರ ಮಾರ್ಚ್‌ನಲ್ಲಿ ಇದೇ ಬಪ್ಪನಾಡಿನ ಜಾತ್ರೆಯ ಸಂದರ್ಭದಲ್ಲಿ ಮುಸ್ಲಿಂ ವ್ಯಾಪಾರಿಗಳಿಗೆ ಅವಕಾಶವಿಲ್ಲ ಎಂಬ ಫಲಕಗಳು ಕಾಣಿಸಿಕೊಂಡವು. ಸತ್ತ ಬ್ಯಾರಿಗೆ ಗೌರವ, ಬದುಕಿರುವ ಬ್ಯಾರಿಗೆ ಬಾಗಿಲು ಬಂದ್! ಹೆಸರನ್ನು ಉಳಿಸಿಕೊಂಡು ಅದರ ಅರ್ಥವನ್ನು ಹೊರಗೆ ಹಾಕಿದರೆ ಹೀಗಾಗುತ್ತದೆ. ಇದು ಒಂದು ಊರಿನ ಮಾತಲ್ಲ. ಸಂತರ, ಸೂಫಿಗಳ, ದೊರೆಗಳ ಸಮಾಧಿಗಳ ಸುತ್ತ ಯಾರು ಹಕ್ಕುದಾರರು ಎಂದು ಹೊಡೆದಾಡುವ ನಾವೆಲ್ಲರೂ ಈ ಪ್ರಶ್ನೆಯನ್ನು ಎದುರಿಸಬೇಕು. ಸತ್ತವರನ್ನು ನೆನೆಯುತ್ತಿದ್ದೇವೆಯೇ, ಅಥವಾ ಬದುಕಿರುವವರನ್ನು ಹೊಡೆಯಲು ಅವರ ಗೋರಿಯ ಕಲ್ಲನ್ನು ಕಿತ್ತುಕೊಳ್ಳುತ್ತಿದ್ದೇವೆಯೇ?

ಹೆಸರಿಲ್ಲದ ಗೋರಿಗಳು

ನಮ್ಮ ಕಬರಸ್ಥಾನಗಳಿಗೆ ಬರೋಣ. ಮಲೆನಾಡಿನ ಸಣ್ಣ ಊರುಗಳ ಕಬರಸ್ಥಾನದಲ್ಲಿ ಹೆಚ್ಚಿನ ಗೋರಿಗಳಿಗೆ ಹೆಸರಿರುವುದಿಲ್ಲ. ತಲೆಯ ಕಡೆಗೊಂದು, ಕಾಲ ಕಡೆಗೊಂದು ಕಾಡುಗಲ್ಲು. ನಾಲ್ಕು ಮಳೆಗಾಲ ಕಳೆದರೆ ದಿಬ್ಬ ಇಳಿದುಹೋಗುತ್ತದೆ, ಹತ್ತು ಮಳೆಗಾಲ ಕಳೆದರೆ ಅಲ್ಲಿ ಪೊದೆ ಬೆಳೆದಿರುತ್ತದೆ. ಗೋರಿಯ ಮೇಲೆ ಕಟ್ಟಡ ಕಟ್ಟಬಾರದು, ಆಡಂಬರ ಮಾಡಬಾರದು ಎಂಬುದು ಇಸ್ಲಾಮಿನ ಕಟ್ಟಳೆ. ಧನಿಕನಿಗೂ ಕೂಲಿಗೂ ಅದೇ ಬಿಳಿ ಬಟ್ಟೆ, ಅದೇ ಮಣ್ಣು. ಇದರಲ್ಲಿ ಸಮಾನತೆಯ ದೊಡ್ಡ ಪಾಠವಿದೆ. ಬಹಮನಿ, ಆದಿಲ್‌ಶಾಹಿ ಸುಲ್ತಾನರು ಈ ಪಾಠವನ್ನು ಬದಿಗಿಟ್ಟು ಬೃಹತ್ ಗುಂಬಜಗಳನ್ನು ಕಟ್ಟಿಕೊಂಡರು. ವಿಜಾಪುರದ ಗೋಲಗುಂಬಜ 1656ರಲ್ಲಿ ಸತ್ತ ಮುಹಮ್ಮದ್ ಆದಿಲ್‌ಶಾಹನ ಗೋರಿ. ಅದನ್ನು ನೋಡಲು ಹೋದವರಲ್ಲಿ ಎಷ್ಟು ಮಂದಿ ಅಲ್ಲಿ ಮಲಗಿದವನಿಗಾಗಿ ಪ್ರಾರ್ಥಿಸುತ್ತಾರೆ? ಎಲ್ಲರೂ ಪ್ರತಿಧ್ವನಿ ಕೇಳಲು ಕೂಗುತ್ತಾರೆ.

ಹಾಗಾದರೆ ಕಲ್ಲಿಲ್ಲದ, ಹೆಸರಿಲ್ಲದ ಸಮುದಾಯ ತನ್ನವರನ್ನು ನೆನೆಯುವುದು ಹೇಗೆ? ಪ್ರವಾದಿ(ಸ)ಯವರ ಕಾಲದ ಒಂದು ಘಟನೆ ಇದಕ್ಕೆ ಉತ್ತರ ಕೊಡುತ್ತದೆ. ಮದೀನದ ಮಸೀದಿಯನ್ನು ಗುಡಿಸುತ್ತಿದ್ದ ಒಬ್ಬ ಕಪ್ಪು ಮಹಿಳೆ ಇದ್ದರು. ಕೆಲವು ದಿನ ಆಕೆ ಕಾಣಿಸದಿದ್ದಾಗ ಪ್ರವಾದಿ(ಸ)ಯವರು ವಿಚಾರಿಸಿದರು. ಆಕೆ ತೀರಿಕೊಂಡರು, ದಫನವೂ ಆಯಿತು ಎಂದು ಅನುಚರರು ಹೇಳಿದರು. ಸಣ್ಣ ವಿಷಯವೆಂದು ತಿಳಿದು ಅವರು ತಿಳಿಸಿರಲಿಲ್ಲ. ತನಗೆ ಏಕೆ ತಿಳಿಸಲಿಲ್ಲ ಎಂದು ಕೇಳಿದ ಪ್ರವಾದಿ(ಸ)ಯವರು ಆಕೆಯ ಗೋರಿಯನ್ನು ತೋರಿಸಲು ಹೇಳಿ, ಅಲ್ಲಿಗೆ ಹೋಗಿ ಆಕೆಗಾಗಿ ನಮಾಝ್ ನಿರ್ವಹಿಸಿದರು. ಆ ಮಹಿಳೆಗೆ ಗುಂಬಜವಿರಲಿಲ್ಲ. ಆದರೆ ಹದಿನಾಲ್ಕು ಶತಮಾನಗಳ ನಂತರವೂ ಆಕೆಯ ಕೆಲಸ ನೆನಪಿನಲ್ಲಿದೆ. ಒಬ್ಬ ಗುಡಿಸುವವಳ ಗೈರುಹಾಜರಿಯನ್ನು ಗಮನಿಸುವ ಕಣ್ಣು ಇದ್ದರೆ ಸ್ಮಾರಕದ ಅಗತ್ಯವಿಲ್ಲ.

ಜನಾಝವನ್ನು ಇಸ್ಲಾಮ್ ಸಾಮುದಾಯಿಕ ಕಡ್ಡಾಯವೆಂದು ಹೇಳಿದೆ. ಕೆಲವರು ನಿರ್ವಹಿಸಿದರೆ ಎಲ್ಲರ ಹೊಣೆ ತೀರುತ್ತದೆ. ಯಾರೂ ನಿರ್ವಹಿಸದಿದ್ದರೆ ಇಡೀ ಊರು ತಪ್ಪಿತಸ್ಥ. ಸತ್ತವನ ಸೊತ್ತು ಹಂಚುವ ಮುನ್ನ ಆತನ ಸಾಲ ತೀರಿಸಬೇಕು. ಸಾಲವಿಟ್ಟು ಸತ್ತವನ ಜನಾಝಕ್ಕೆ ನಿಲ್ಲಲು ಪ್ರವಾದಿ(ಸ)ಯವರು ಹಿಂಜರಿದಾಗ ಅನುಚರರೊಬ್ಬರು ಆ ಸಾಲವನ್ನು ತಾನು ತೀರಿಸುತ್ತೇನೆಂದು ವಹಿಸಿಕೊಂಡರು. ಹಝ್ರತ್ ಜಅಫರ್(ರ) ಹುತಾತ್ಮರಾದ ಸುದ್ದಿ ಬಂದಾಗ ಅವರ ಮನೆಯವರಿಗೆ ಅಡುಗೆ ಮಾಡಿ ಕಳುಹಿಸುವಂತೆ ಪ್ರವಾದಿ(ಸ)ಯವರು ಹೇಳಿದರು. ದುಃಖದಲ್ಲಿರುವ ಮನೆಯವರು ಊರಿಗೆ ಊಟ ಹಾಕುವುದಲ್ಲ, ಊರು ಆ ಮನೆಗೆ ಊಟ ಹಾಕಬೇಕು. ಇದನ್ನು ಇಂದು ನಾವು ತಲೆಕೆಳಗು ಮಾಡಿದ್ದೇವೆ. ಸಾಲ ಮಾಡಿ ಬಿರಿಯಾನಿ ಬಡಿಸುವ ನಲ್ವತ್ತನೆಯ ದಿನ, ಸಾಲ ಮಾಡಿ ಊಟ ಹಾಕುವ ಹನ್ನೊಂದನೆಯ ದಿನ, ಇವೆರಡೂ ಬಡವರ ಮನೆಯನ್ನು ಇನ್ನೊಮ್ಮೆ ಸಾಯಿಸುತ್ತವೆ. ಇದರಲ್ಲಿ ಹಿಂದೂ ಮುಸ್ಲಿಂ ಎಂಬ ಭೇದವಿಲ್ಲ.

ಹೆಣಕ್ಕೆ ಹೆಗಲು ಕೊಡುವವರು

ಶೃಂಗೇರಿ ಸಮೀಪದ ವೈಕುಂಠಪುರ ‘ಸಂಸ್ಕಾರ’ ಚಿತ್ರ ಚಿತ್ರೀಕರಣಗೊಂಡ ಊರು. ಯು.ಆರ್. ಅನಂತಮೂರ್ತಿಯವರ 1965ರ ಕಾದಂಬರಿಯನ್ನು ಪಟ್ಟಾಭಿರಾಮ ರೆಡ್ಡಿ 1970ರಲ್ಲಿ ಚಿತ್ರವಾಗಿಸಿದರು. ಅಗ್ರಹಾರದ ಒಬ್ಬ ಸತ್ತಿದ್ದಾನೆ. ಆಚಾರಗೆಟ್ಟವನ ಶವಕ್ಕೆ ಸಂಸ್ಕಾರ ಮಾಡಬಹುದೇ ಎಂಬ ಜಿಜ್ಞಾಸೆಯಲ್ಲಿ ಊರು ಮುಳುಗಿದೆ. ಗ್ರಂಥಗಳನ್ನು ತಿರುವಿ ಹಾಕುತ್ತಿದ್ದಾರೆ, ಹೆಣ ಕೊಳೆಯುತ್ತಿದೆ. ಕೊನೆಗೆ ಆತನೊಂದಿಗೆ ಬಾಳಿದ ಚಂದ್ರಿ ಮೀನು ವ್ಯಾಪಾರಿ ಅಹ್ಮದ್ ಬ್ಯಾರಿಯನ್ನು ಕರೆತರುತ್ತಾಳೆ. ಆತ ಗಾಡಿ ತಂದು, ಸೌದೆ ತಂದು, ರಾತ್ರೋರಾತ್ರಿ ಶವ ಸುಟ್ಟು ಹೋಗುತ್ತಾನೆ. ಕಾದಂಬರಿಯ ಬಗ್ಗೆ ಬರೆದವರು ಪ್ರಾಣೇಶಾಚಾರ್ಯರ ಬಗ್ಗೆ ಪುಟಗಟ್ಟಲೆ ಬರೆದಿದ್ದಾರೆ. ಬ್ಯಾರಿಯ ಬಗ್ಗೆ ಹೆಚ್ಚು ಮಾತಿಲ್ಲ. ಆದರೆ ಕಥೆಯಲ್ಲಿ ಮಾಡಬೇಕಾದ ಕೆಲಸವನ್ನು ಮಾಡಿದವನು ಆತನೇ. ಇದು ಕಲ್ಪನೆಯಾದರೂ ಮಲೆನಾಡಿನ ಬದುಕನ್ನು ಬಲ್ಲ ಲೇಖಕನ ಕಲ್ಪನೆ.

ಈ ಕಲ್ಪನೆ 2020-21ರಲ್ಲಿ ನಮ್ಮ ಕಣ್ಣೆದುರು ನಿಜವಾಯಿತು. ಕೋವಿಡ್‌ನಿಂದ ಸತ್ತವರ ಹತ್ತಿರ ಸುಳಿಯಲು ಮಕ್ಕಳೂ ಹೆದರಿದ ದಿನಗಳವು. 2020ರ ಜೂನ್ ಕೊನೆಯಲ್ಲಿ ಬಳ್ಳಾರಿಯಲ್ಲಿ ಶವಗಳನ್ನು ಗುಂಡಿಗೆ ಎಸೆಯುವ ದೃಶ್ಯ ಹೊರಬಂದು ಜಿಲ್ಲಾಡಳಿತ ಕ್ಷಮೆ ಕೇಳಬೇಕಾಯಿತು. ಅದೇ ಸಮಯದಲ್ಲಿ ಕರ್ನಾಟಕದ ಹಲವು ಕಡೆ ಮುಸ್ಲಿಂ ಯುವಕರ ತಂಡಗಳು ಯಾವ ಧರ್ಮದವರ ಶವವಾದರೂ ಅವರವರ ವಿಧಿಯಂತೆ ಸಂಸ್ಕಾರ ನಡೆಸಿದವು. ಇಂಥ ಕೆಲಸ ಮಾಡಿದ ಹಿಂದೂ, ಕ್ರೈಸ್ತ ಯುವಕರೂ ಇದ್ದರು. ಅವರ ಹೆಸರುಗಳನ್ನು ಯಾವ ಕಲ್ಲಿನಲ್ಲಿಯೂ ಕೆತ್ತಿಲ್ಲ. ನಮ್ಮ ಕಾಲದ ವೀರಗಲ್ಲು ಅವರಿಗೆ ಸಲ್ಲಬೇಕಾಗಿತ್ತು.

ಹೆಗಲು ಸಿಕ್ಕಿದರೆ ಸಾಲದು, ಆರಡಿ ನೆಲವೂ ಬೇಕು. ರಾಜ್ಯದ ಎಷ್ಟೋ ಹಳ್ಳಿಗಳಲ್ಲಿ, ವಿಶೇಷವಾಗಿ ದಲಿತರಿಗೆ, ಸತ್ತವರನ್ನು ಮಣ್ಣು ಮಾಡಲು ಜಾಗವಿಲ್ಲದೆ ರಸ್ತೆ ಬದಿಯಲ್ಲಿ, ಹಳ್ಳದ ದಂಡೆಯಲ್ಲಿ ಹೂಳುವ ಸ್ಥಿತಿ ಇದ್ದುದರಿಂದಲೇ 2019ರಲ್ಲಿ ಹೈಕೋರ್ಟ್ ಪ್ರತಿ ಗ್ರಾಮಕ್ಕೂ ಸ್ಮಶಾನ ಭೂಮಿ ಒದಗಿಸುವಂತೆ ಸರಕಾರಕ್ಕೆ ಆದೇಶಿಸಬೇಕಾಯಿತು. ಭದ್ರಾ, ಶರಾವತಿ ಅಣೆಕಟ್ಟುಗಳ ಹಿನ್ನೀರಿನ ಕಡೆಯ ಜನರಿಗೆ ಇನ್ನೊಂದು ನೋವು ಗೊತ್ತು. ಊರು ಮುಳುಗಿದರೆ ಮನೆಗೆ, ಗದ್ದೆಗೆ ಪರಿಹಾರದ ಲೆಕ್ಕ ಹಾಕಬಹುದು. ಹಿರಿಯರನ್ನು ಮಲಗಿಸಿದ ನೆಲಕ್ಕೆ ಲೆಕ್ಕ ಹಾಕುವುದು ಹೇಗೆ?

ಮಂಗನ ಕಾಯಿಲೆಯನ್ನೂ ಇಲ್ಲಿ ನೆನೆಯಬೇಕು. 1957ರಲ್ಲಿ ಸೊರಬ ತಾಲೂಕಿನ ಕ್ಯಾಸನೂರು ಕಾಡಿನಲ್ಲಿ ಅದು ಪತ್ತೆಯಾಯಿತು. ಜಗತ್ತಿನ ವೈದ್ಯಕೀಯ ಪುಸ್ತಕಗಳಲ್ಲಿ ಆ ಕಾಡಿನ ಹೆಸರು ಸೇರಿತು. ಕೊಪ್ಪ, ನರಸಿಂಹರಾಜಪುರದ ಕಡೆಯೂ ಅದರ ಕಾಟ ತಪ್ಪಿಲ್ಲ. ಬೇಸಗೆಯಲ್ಲಿ ದರಕು, ಸೌದೆ ತರಲು ಕಾಡಿಗೆ ಹೋಗುವ ಕೂಲಿಯವರೇ ಹೆಚ್ಚಾಗಿ ಅದಕ್ಕೆ ಬಲಿಯಾದವರು. ಕಾಡಿನ ಹೆಸರು ಉಳಿಯಿತು, ಅದರಲ್ಲಿ ಸತ್ತವರ ಹೆಸರು ಅವರ ಮನೆಯ ಹೊರಗೆ ಯಾರಿಗೂ ತಿಳಿಯದು.

ಕವಿಶೈಲದ ಪಾಠ

ಕೊಪ್ಪದಿಂದ ತೀರ್ಥಹಳ್ಳಿಯ ಕಡೆ ಹೋದರೆ ಕುಪ್ಪಳಿ ಸಿಗುತ್ತದೆ. 1994ರ ನವೆಂಬರ್ 11ರಂದು ತೀರಿಕೊಂಡ ಕುವೆಂಪು ಅವರನ್ನು ಮೈಸೂರಿನಿಂದ ಅವರು ಬೆಳೆದ ಊರಿಗೆ ತಂದು ಕವಿಶೈಲದಲ್ಲಿ ಅಂತ್ಯಸಂಸ್ಕಾರ ಮಾಡಲಾಯಿತು. ಅಲ್ಲಿನ ಬಂಡೆಯೊಂದರಲ್ಲಿ ಬಿ.ಎಂ.ಶ್ರೀ., ಟಿ.ಎಸ್. ವೆಂಕಣ್ಣಯ್ಯ ಮತ್ತು ಕುವೆಂಪು ತಮ್ಮ ಹೆಸರಿನ ಅಕ್ಷರಗಳನ್ನು 1936ರಲ್ಲಿ ಕೆತ್ತಿದ್ದು ಈಗಲೂ ಇದೆ. ಕಲಾವಿದ ಕೆ.ಟಿ. ಶಿವಪ್ರಸಾದ್ ಹಳೆಯ ಕಾಲದ ಶಿಲಾ ಸಮಾಧಿಗಳನ್ನು ನೆನಪಿಸುವ ಬಂಡೆಗಳನ್ನು ಅಲ್ಲಿ ನಿಲ್ಲಿಸಿದ್ದಾರೆ. 2007ರ ಏಪ್ರಿಲ್ 5ರಂದು ನಿಧನರಾದ ಪೂರ್ಣಚಂದ್ರ ತೇಜಸ್ವಿಯವರ ಅಂತ್ಯಸಂಸ್ಕಾರವೂ ಕುಪ್ಪಳಿಯಲ್ಲೇ ನಡೆಯಿತು. ಕವಿಯ ಮನೆ ವಸ್ತು ಸಂಗ್ರಹಾಲಯವಾಗಿದೆ. ಅಲ್ಲಿ ಬಾಣಲೆ, ಕಡೆಗೋಲು, ಕೊಳಗ, ಕೃಷಿಯ ಸಲಕರಣೆಗಳಿವೆ. ಅದು ಒಬ್ಬ ಕವಿಯ ಮನೆಯಷ್ಟೇ ಅಲ್ಲ, ಆ ಮನೆಯಲ್ಲಿ ದುಡಿದ ಹೆಸರಿಲ್ಲದವರ ಕೈಗಳ ನೆನಪೂ ಹೌದು.

ಪ್ರತಿಯೊಂದು ಊರಿಗೂ ಕುವೆಂಪು ಹುಟ್ಟುವುದಿಲ್ಲ. ಆದರೆ ಪ್ರತಿಯೊಂದು ಊರಿನಲ್ಲೂ ಒಬ್ಬ ಶಾಲೆ ಮಾಸ್ತರರು, ಒಬ್ಬ ಸೂಲಗಿತ್ತಿ, ಒಬ್ಬ ಮುಅಝ್ಝಿನ್, ಒಬ್ಬ ಗೋರಿ ತೋಡುವವನು, ಮಳೆಗಾಲದಲ್ಲಿ ಜನರನ್ನು ಹೊಳೆ ದಾಟಿಸಿದ ಒಬ್ಬ ದೋಣಿಯವನು ಇದ್ದೇ ಇರುತ್ತಾರೆ. ಇವರನ್ನು ನೆನೆಯುವುದಕ್ಕೆ ಕಮ್ಮರಡಿಯಂಥ ಊರು ಏನು ಮಾಡಬಹುದು?

ಮೊದಲನೆಯದಾಗಿ, ಬರೆದಿಡಬಹುದು. ಮಸೀದಿಯ ಜಮಾಅತ್‌ಗಳಲ್ಲಿ ಮದುವೆಯ ದಾಖಲೆ ಪುಸ್ತಕ ಇರುತ್ತದೆ. ಮರಣದ ಪುಸ್ತಕವೂ ಇರಲಿ. ಹೆಸರು, ಮನೆ, ದಿನಾಂಕದೊಂದಿಗೆ ಆತ ಮಾಡುತ್ತಿದ್ದ ಕೆಲಸವನ್ನೂ ಒಂದು ಸಾಲಿನಲ್ಲಿ ಬರೆಯಬಹುದು. ದೇವಸ್ಥಾನ, ಚರ್ಚುಗಳೂ ಇದನ್ನು ಮಾಡಬಹುದು. ಗೋರಿಗೆ ಹೆಸರಿಲ್ಲದಿದ್ದರೂ ಪುಸ್ತಕದಲ್ಲಿ ಹೆಸರಿರಲಿ. ನಾಳೆ ಮಲೆನಾಡಿನ ಸಾಮಾನ್ಯರ ಚರಿತ್ರೆ ಬರೆಯುವವರಿಗೆ ಅದೇ ಶಾಸನ. ಈಗ ಎಂಬತ್ತು ದಾಟಿದ ಹಿರಿಯರು ಹೋದರೆ ಘಟ್ಟ ಹತ್ತಿ ಬಂದ ಕಾಲದ ಕಥೆಗಳೂ ಅವರೊಂದಿಗೆ ಮಣ್ಣು ಸೇರುತ್ತವೆ. ಅವರು ಇರುವಾಗಲೇ ಕೇಳಿ ಬರೆದಿಟ್ಟುಕೊಳ್ಳಬೇಕು.

ಎರಡನೆಯದಾಗಿ, ನಮ್ಮ ಕಾಲದ ನೆತ್ತರುಗೊಡಗೆಯನ್ನು ಕಂಡುಕೊಳ್ಳಬೇಕು. ಅಡಿಕೆ ಮರದಿಂದ ಬಿದ್ದು ಸತ್ತವನ ಭಾವಚಿತ್ರ ಹಾಕಿ ಬಸ್‌ಸ್ಟ್ಯಾಂಡಿನಲ್ಲಿ ಫ್ಲೆಕ್ಸ್ ಕಟ್ಟುತ್ತೇವೆ. ಎರಡು ವಾರದಲ್ಲಿ ಅದು ಹರಿದು ಚರಂಡಿ ಸೇರುತ್ತದೆ. ಅದೇ ಹಣ ಅವನ ಮಗಳ ಶಾಲೆಯ ಶುಲ್ಕಕ್ಕೆ ಹೋದರೆ ಆ ಹುಡುಗಿ ಓದಿ ಮುಗಿಸುವವರೆಗೂ ತಂದೆಯ ಸ್ಮಾರಕ ಬೆಳೆಯುತ್ತಲೇ ಇರುತ್ತದೆ. ಮನುಷ್ಯ ಸತ್ತ ನಂತರ ಅವನ ಕರ್ಮಗಳು ನಿಲ್ಲುತ್ತವೆ, ಆದರೆ ನಿರಂತರ ದಾನ, ಜನರಿಗೆ ಉಪಯೋಗವಾಗುವ ವಿದ್ಯೆ ಮತ್ತು ಸಜ್ಜನ ಸಂತಾನದ ಪ್ರಾರ್ಥನೆ ಮುಂದುವರಿಯುತ್ತವೆ ಎಂಬ ಪ್ರವಾದಿ(ಸ)ಯವರ ಮಾತಿನ ಆಶಯವೂ ಇದೇ. ಒಂಬತ್ತು, ಹತ್ತನೆಯ ಶತಮಾನದ ಹಳ್ಳಿಗರಿಗೆ ತಿಳಿದಿದ್ದುದು ನಮಗೆ ತಿಳಿಯದ್ದೇನಲ್ಲ.

ಮೂರನೆಯದಾಗಿ, ನೆರೆಯವನ ಸತ್ತವರೂ ನಮ್ಮ ಸತ್ತವರೇ ಎಂಬುದನ್ನು ಮರೆಯಬಾರದು. ಮಲೆನಾಡಿನಲ್ಲಿ ಮಹಾಲಯದಲ್ಲಿ ಹಿರಿಯರಿಗೆ ಎಡೆ ಇಡುವವರಿದ್ದಾರೆ, ನವೆಂಬರ್ 2ರಂದು ಗೋರಿಗಳ ಮೇಲೆ ಮೇಣದ ಬತ್ತಿ ಹಚ್ಚುವ ಕ್ರೈಸ್ತರಿದ್ದಾರೆ, ಜುಮಾದ ನಂತರ ಕಬರಸ್ಥಾನಕ್ಕೆ ಹೋಗಿ ಕೈ ಎತ್ತುವವರಿದ್ದಾರೆ. ವಿಧಿಗಳು ಬೇರೆ ಬೇರೆ, ಅವು ಹಾಗೆಯೇ ಇರಲಿ. ಆದರೆ ಹೆಣ ಎತ್ತುವಾಗ ಬರುವ ಹೆಗಲು, ದುಃಖದ ಮನೆಗೆ ಬರುವ ಗಂಜಿಯ ಪಾತ್ರೆ, ಇವುಗಳಿಗೆ ಧರ್ಮದ ಗುರುತು ಬೇಕಿಲ್ಲ.

ವೀರಗಲ್ಲಿನ ತುದಿಯಲ್ಲಿ ಸೂರ್ಯ ಚಂದ್ರರನ್ನು ಕೆತ್ತಿದವರು ಆ ನೆನಪು ಶಾಶ್ವತವಾಗಿರಲಿ ಎಂದು ಬಯಸಿದರು. ಇಂದು ಆ ಕಲ್ಲುಗಳಲ್ಲಿ ಎಷ್ಟೋ ಅಕ್ಷರ ಸವೆದು ಓದಲು ಬಾರದಂತಾಗಿವೆ, ಕೆಲವನ್ನು ಬಟ್ಟೆ ಒಗೆಯಲು ಬಳಸಿದ್ದೂ ಇದೆ. ಕಲ್ಲು ಸವೆಯುತ್ತದೆ. ಆದರೆ ಸತ್ತವನ ಮನೆಯಲ್ಲಿ ಒಲೆ ಆರದಂತೆ ನೋಡಿಕೊಳ್ಳುವ ಊರು ಇರುವವರೆಗೆ ಆತ ಮರೆತುಹೋಗುವುದಿಲ್ಲ. ಸತ್ತವರಿಗೆ ನಮ್ಮಿಂದ ಆಗಬೇಕಾದದ್ದು ಬಹಳ ಕಡಿಮೆ. ಅವರು ಬಿಟ್ಟುಹೋದವರಿಗೆ ಆಗಬೇಕಾದದ್ದು ಬಹಳಷ್ಟಿದೆ.